ಗುಡಾಣಕ್ಕೆ ಕೈ ಹಾಕಬೇಡಿ

2020 ಮಾರ್ಚ್ 17, ಮಂಗಳವಾರ

ಯಾರ ಹತ್ತಿರವೂ ಹೇಳಿಕೊಳ್ಳುವ ಹಾಗಿಲ್ಲ, ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ. ನಮ್ಮ ಮನೆಯವರ ಹಡಗು ಕಂಪನಿಯವರು ಎಂದೋ ಕೊಟ್ಟ ಡೈರಿ. ಹಾಳೆಗಳೆಲ್ಲ ಹಾಗೇ ಉಳಿದಿವೆ. ಬರೆಯದೆ ಇದ್ದರೆ ನನ್ನ ತಲೆ ಸಿಡಿದು ಹೋದೀತು.

ನಾಲ್ಕು ವರ್ಷದಿಂದ ಜಪಾನಿನ ಫುಮಿಯೆ-ಸಾನ್ (ಸಾನ್ ಎಂದರೆ ನಮ್ಮ 'ಅವರು' ಇದ್ದ ಹಾಗೆ) ಬಣ್ಣದ ಅಂಗಡಿಯಲ್ಲಿ ದುಡಿಯುತ್ತಿದ್ದೇನೆ. ಅಂಗಡಿ ಕೆಳಗೆ, ಮಹಡಿ ಮೇಲೆ ನಮ್ಮ ಬಾಡಿಗೆ ಮನೆ. 'ಎರಡು ಗಂಟೆಯಲ್ಲಿ ಜಪಾನಿನ ನೀಲಿ' ಎಂದು ಹೊರಗೆ ಬೋರ್ಡು. ಮಲೇಷ್ಯಾದ ಈ ಕ್ಲಾಂಗ್ ಬಂದರಿಗೆ ಪ್ರವಾಸಿ ಹಡಗು ಬಂದ ದಿನ ಬಿಳಿಯರು, ಚೀನೀಯರು, ಸಿಂಗಪುರದವರು ವ್ಯಾನುಗಟ್ಟಲೆ ಇಳಿಯುತ್ತಾರೆ. ಅವರಿಗೆ ಏಪ್ರನ್ ಕಟ್ಟುವವಳು ನಾನು. ಚಹಾ ಕೊಡುವವಳು ನಾನು. ಅವರು ದಾರ ಸುತ್ತಿ ಅದ್ದಿದ ಕರವಸ್ತ್ರಗಳನ್ನು ಒಗೆದು ಒಣಗಿಸಿ ಇಸ್ತ್ರಿ ಮಾಡಿ ಕೈಗೆ ಕೊಟ್ಟು ನಗುವವಳೂ ನಾನೇ. ದಾರಿಯಲ್ಲಿ ಹೋಗುವವರೆಲ್ಲ ಕೈಗವಸು ಹಾಕಿಕೊಂಡು ನೀಲಿ ಬಣ್ಣ ತುಂಬಿದ ಆ ಗುಡಾಣದಲ್ಲಿ ಬಟ್ಟೆ ಅದ್ದಬಹುದು. ನಾನು ಮಾತ್ರ ಹತ್ತಿರ ಹೋಗಬಾರದು. ಸೇರಿದ ಮೊದಲ ವಾರ, ಮೇಲೆ ತೇಲುತ್ತಿದ್ದ ನೂಲೊಂದನ್ನು ತೆಗೆಯೋಣವೆಂದು ಬಗ್ಗಿದೆ. ಫುಮಿಯೆ-ಸಾನ್ ಅಷ್ಟು ದೂರದಿಂದ ಓಡಿ ಬಂದಳು.

"ಕಾಂತಮ್ಮ-ಸಾನ್, ಗುಡಾಣಕ್ಕೆ ಕೈ ಹಾಕಬೇಡಿ."

ಆರು ಜನ ಪ್ರವಾಸಿಗರ ಎದುರಿಗೆ. ನನ್ನ ಕೈಗೇನಾಗಿದೆ? ಕಪ್ಪಗಿದೆ ಎಂದೇ? ಅಡುಗೆ ಮಾಡುವ ಕೈ ಎಂದೇ? ಅವತ್ತು ನುಂಗಿಕೊಂಡ ಅವಮಾನ ಇನ್ನೂ ಗಂಟಲಲ್ಲೇ ಇದೆ.

ಅಂಥವಳು ಇವತ್ತು ಬೆಳಿಗ್ಗೆ ಜಪಾನಿನ ಟೊಕುಶಿಮಾದಿಂದ ಫೋನು ಮಾಡಿದಳು. ತಾಯಿಗೆ ಹುಷಾರಿಲ್ಲ, ನಾಲ್ಕು ದಿನದಲ್ಲಿ ಬರುತ್ತೇನೆ ಎಂದು ಮೊನ್ನೆ ಊರಿಗೆ ಹೋದವಳು. ಕೊರೊನಾ ಅಂತ ನಾಳೆಯಿಂದ ಇಡೀ ಮಲೇಷ್ಯಾ ಬಾಗಿಲು ಹಾಕುತ್ತದೆ, ಯಾರೂ ಬರುವ ಹಾಗಿಲ್ಲ, ಹೋಗುವ ಹಾಗಿಲ್ಲ. ಆಕೆಯ ಇಂಗ್ಲಿಷೂ ನನ್ನ ಇಂಗ್ಲಿಷೂ ಒಂದೇ ಮಟ್ಟದ್ದು, ಹಾಗಾಗಿ ಸುತ್ತುಬಳಸು ಇರುವುದಿಲ್ಲ.

"ನೀವು ಮೇಲೇ ಇದ್ದೀರಿ. ದಿನಾ ಬೆಳಿಗ್ಗೆ ಕಲಕಬೇಕು. ಇಲ್ಲ ಅಂದ್ರೆ ಸಾಯುತ್ತೆ."

"ಏನು ಸಾಯುತ್ತೆ?"

"ಬಣ್ಣ. ಅದಕ್ಕೆ ಜೀವ ಇದೆ."

ನಾಲ್ಕು ವರ್ಷ ಮುಟ್ಟಬೇಡ ಎಂದವಳು ಈಗ ಮುಟ್ಟು ಎನ್ನುತ್ತಾಳೆ! ದಯವಿಟ್ಟು ಎಂದೂ ಅನ್ನಲಿಲ್ಲ. ಆಗಲ್ಲ ಎಂದು ಹೇಳಬೇಕಿತ್ತು. ಬಾಯಿಂದ ಬಂದದ್ದು "ಓಕೆ". ನನ್ನ ಬಾಯಿಗಿಷ್ಟು ಬೆಂಕಿ ಹಾಕ.

ಮಾರ್ಚ್ 19, ಗುರುವಾರ

ಥೂ, ಏನು ವಾಸನೆ! ಗಂಜಲವೂ ಬೂದಿಯೂ ಕೊಳೆತ ಎಲೆಯೂ ಒಟ್ಟಿಗೆ ಮೂಗಿಗೆ ಬಡಿಯಿತು. ನೀಲಿ ಗಿಡದ ಎಲೆಯನ್ನು ತಿಂಗಳುಗಟ್ಟಲೆ ಕೊಳೆಸಿ ಮೂಟೆ ಕಟ್ಟಿ ಜಪಾನಿನಿಂದ ತರಿಸುತ್ತಾರೆ. ಅದನ್ನು ಬೂದಿನೀರಿನಲ್ಲಿ ಕಲಸಿ ಹುದುಗು ಬರಿಸಿದರೆ ಬಣ್ಣ. ಇಷ್ಟು ದಿನ ಬಾಗಿಲಾಚೆಯಿಂದ ಮೂಸುತ್ತಿದ್ದೆ. ಇವತ್ತು ಮುಚ್ಚಳ ತೆಗೆದು ಅದರ ಬಾಯಿಗೇ ಮುಖ ಕೊಟ್ಟೆ.

ಬಿದಿರಿನ ಕೋಲಿನಲ್ಲಿ ತಳದಿಂದ ಕಲಕಬೇಕಂತೆ, ಆದರೆ ಗಾಳಿ ಸೇರಬಾರದಂತೆ. ಆಮೇಲೆ ಎರಡು ಬೆರಳು ಅದ್ದಿ ಉಜ್ಜಿ ನೋಡಬೇಕು, ಸೋಪಿನ ನೀರಿನ ಹಾಗೆ ಜಾರಬೇಕು. "ಕೈಗವಸು ಬೇಡ. ಬರಿಗೈ." ಆಹಾ! ಪ್ರವಾಸಿಗರಿಗೆ ಕೈಗವಸು, ಕಾಂತಮ್ಮನಿಗೆ ಬರಿಗೈ. ಕೋಲು ಎತ್ತಿದ ಮೇಲೆ ನಡುವಿನಲ್ಲಿ ನೇರಳೆ ನೊರೆ ಮುದ್ದೆಯಾಗಿ ನಿಲ್ಲುತ್ತದೆ. ಅದಕ್ಕೆ 'ಹೂವು' ಎಂದು ಹೆಸರು. ಅದರ ಫೋಟೋ ತೆಗೆದು ಕಳಿಸಬೇಕು. ಕಳಿಸಿದೆ. "ಚಿಕ್ಕ ಹೂವು. ಇನ್ನೂ ನಿಧಾನ ಕಲಕಿ" ಎಂದು ಉತ್ತರ.

ಉಗುರಿನ ಸಂದಿಯೆಲ್ಲ ನೀಲಿ. ಸೀಗೆಪುಡಿ ಹಾಕಿ ತಿಕ್ಕಿದರೂ ಹೋಗಲಿಲ್ಲ. ಊಟಕ್ಕೆ ಕೂತಾಗ ಇವರು, ನಮ್ಮ ಯಜಮಾನರು ನಂಜುಂಡಪ್ಪನವರು, "ಏನೇ ಕಾಂತಾ, ವಿಷಕಂಠ ನಾನಾ ನೀನಾ?" ಎಂದು ನಕ್ಕರು. ನಂಜುಂಡ ಎಂದು ಹೆಸರಿಟ್ಟುಕೊಂಡ ಮಾತ್ರಕ್ಕೆ ಇಷ್ಟು ಜಂಬ! ಒಂದು ದಿನವಾದರೂ ಆ ವಾಸನೆ ಕುಡಿಯಲಿ, ಆಮೇಲೆ ಮಾತಾಡಲಿ.

ಮಾರ್ಚ್ 25, ಬುಧವಾರ, ಯುಗಾದಿ

ಹಬ್ಬದ ದಿನವೇ ಬರಬೇಕೇ ಇದು! "ಇಂದು ಊಟ ಕೊಡುವ ದಿನ" ಎಂದು ಫುಮಿಯೆ-ಸಾನ್ ಮೆಸೇಜು. ಯಾರಿಗೆ? ಗುಡಾಣಕ್ಕೆ. ಗೋಧಿ ಬೂಸಾ ಕುದಿಸಿ ಆರಿಸಿ ಹಾಕಬೇಕು. ಸರಿ, ಹಸುವಿಗೆ ಹಾಕುವಂಥದ್ದೇ, ಹಾಕೋಣ. ಅದರ ಜೊತೆ ಕಪಾಟಿನಲ್ಲಿರುವ ಬಾಟಲಿಯಿಂದ ಒಂದು ಲೋಟ ಸಾಕೆ. ಸಾಕೆ ಎಂದರೆ ಅಕ್ಕಿಯಿಂದ ಇಳಿಸಿದ ಹೆಂಡ.

ಎಣ್ಣೆನೀರು ಹಾಕಿಕೊಂಡು, ಲಿಂಗಪೂಜೆ ಮುಗಿಸಿ, ಬೇವುಬೆಲ್ಲ ತಿಂದ ಕೈಯಲ್ಲಿ ಹೆಂಡದ ಬಾಟಲಿ ಹಿಡಿಯಲೇ? ನಮ್ಮ ಮನೆಯೊಳಗೆ ಇವತ್ತಿನ ತನಕ ಆ ಪದಾರ್ಥ ಬಂದಿಲ್ಲ. ಬೇವಿನ ಹೂವು ಕೊಟ್ಟದ್ದು ಹಿತ್ತಲ ಗೋಡೆಯಾಚೆಯ ತಮಿಳು ಅಜ್ಜಿ ಪಾಪಾತ್ತಿ. ಆಕೆಯ ಹತ್ತಿರ ಹೇಳಿಕೊಂಡೆ. "ನೀ ಊತ್ತಾದೆ ಮಾ" ಎಂದಳು. ಸುರಿಯಬೇಡ ಎಂದು. ನನ್ನ ಮನಸ್ಸಿನಲ್ಲಿ ಇದ್ದದ್ದೂ ಅದೇ.

ತಲೆ ಓಡಿಸಿದೆ. ಹುದುಗು ಬರುವ ವಸ್ತುವಿಗೆ ಬೇಕಾದದ್ದು ಹುದುಗು ತಾನೇ? ಅದಕ್ಕೆ ಹೆಂಡವೇ ಏಕೆ? ಮೂವತ್ತೈದು ವರ್ಷದಿಂದ ದೋಸೆ ಹಿಟ್ಟು ಉಬ್ಬಿಸಿದವಳು ನಾನು. ಮೊನ್ನೆ ರುಬ್ಬಿದ್ದು ಚೆನ್ನಾಗಿ ಹುಳಿ ಬಂದಿತ್ತು. ಬೂಸಾ ಗಂಜಿಯ ಜೊತೆ ಎರಡು ಸೌಟು ದೋಸೆ ಹಿಟ್ಟು ಸುರಿದು ಕಲಕಿಬಿಟ್ಟೆ. "ಸಾಕೆ ಹಾಕಿದೆ" ಎಂದು ಮೆಸೇಜು ಮಾಡಿದೆ. ಹೆಂಡ ಮುಟ್ಟುವುದಕ್ಕಿಂತ ಸುಳ್ಳು ಹೇಳುವುದು ಸಣ್ಣ ಪಾಪ.

ಏಪ್ರಿಲ್ 9, ಗುರುವಾರ

ನೋಡು ಮತ್ತೆ! ಹೂವು ಹಿಂದೆಂದೂ ಇಲ್ಲದಷ್ಟು ದೊಡ್ಡದು, ತಟ್ಟೆಯಗಲ. "ತುಂಬಾ ದೊಡ್ಡದು. ಯಾಕೆ?" ಎಂದು ಜಪಾನಿನಿಂದ ಪ್ರಶ್ನೆ. ಯಾಕೆ ಅಂದರೆ? ಕೈಗುಣ. ಒಂದು ಒಳ್ಳೆಯ ಮಾತು ಬಂದರೆ ಆಕೆಯ ಮುತ್ತು ಉದುರಿ ಹೋಗುತ್ತದೆಯೇ? ಇವತ್ತೂ ಮೂರು ಸೌಟು ಹಾಕಿದೆ.

ಮಗಳು ಗಾನವಿ ವೀಡಿಯೋದಲ್ಲಿ ಬಂದಿದ್ದಳು. ಪುತ್ರಜಯಾದಲ್ಲಿ ಅವಳ ಕೆಲಸ. ಒಂದು ಗಂಟೆಯ ದಾರಿ, ಬರುವ ಹಾಗಿಲ್ಲ. ನನ್ನ ಕೈ ನೋಡಿ, "ಅಮ್ಮಾ, ವಾಟ್ ಹ್ಯಾಪನ್ಡ್ ಟು ಯುವರ್ ನೇಲ್ಸ್? ಜಸ್ಟ್ ಲೀವ್ ಇಟ್ ಲಾ, ಇಟ್ಸ್ ಓನ್ಲಿ ಅ ಪಾಟ್" ಎಂದಳು. ಮನೆಯಲ್ಲಿ ಕನ್ನಡದಲ್ಲಿ ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರ. ಬರೀ ಗುಡಾಣವಂತೆ. ಇವಳಿಗೇನು ಗೊತ್ತು.

ಏಪ್ರಿಲ್ 20, ಸೋಮವಾರ

ಹೂವಿಲ್ಲ.

ಮೂರು ದಿನದಿಂದ ಸಣ್ಣದಾಗುತ್ತಿತ್ತು, ಇವತ್ತು ಏನೂ ಇಲ್ಲ. ವಾಸನೆ ಬದಲಾಗಿದೆ. ಆ ಹಳೆಯ ವಾಸನೆ ಇದ್ದರೆ ಸಾಕಿತ್ತು, ಇದು ಮರೆತು ಬಿಟ್ಟ ಟಿಫಿನ್ ಡಬ್ಬಿಯ ವಾಸನೆ. ಬೆರಳು ಉಜ್ಜಿದರೆ ಜಾರುವುದಿಲ್ಲ, ಬರೀ ನೀರು. ಒಂದು ಬಟ್ಟೆ ತುಂಡು ಅದ್ದಿ ತೆಗೆದೆ. ಗಾಳಿಗೆ ಹಿಡಿದರೆ ಹಸಿರು ಹೋಗಿ ನೀಲಿ ಬರಬೇಕು. ಬಂದದ್ದು ನೆಲ ಒರೆಸಿದ ಬಟ್ಟೆಯ ಬಣ್ಣ.

ಹುಳಿ ನೋಡಲು ಆಕೆ ಇಟ್ಟ ಕಾಗದದ ಪಟ್ಟಿಗಳು ಈ ಊರಿನ ತೇವಕ್ಕೆ ಅಂಟಿಕೊಂಡು ಒಂದೇ ಬಣ್ಣಕ್ಕೆ ತಿರುಗಿವೆ. ಡಬ್ಬಿಗೆ ಸರಿಯಾದ ಮುಚ್ಚಳ ಬೇಡವೇ? ಎಲ್ಲಕ್ಕೂ ನಿಯಮ, ಇದಕ್ಕೊಂದಿಲ್ಲ.

ಫೋಟೋ ಕೇಳಿದಳು. ಒಂಬತ್ತನೇ ತಾರೀಖಿನದನ್ನೇ ಕಳಿಸಿದೆ.

ಏಪ್ರಿಲ್ 22, ಬುಧವಾರ

ನಿನ್ನೆಯೆಲ್ಲ ಯಾರನ್ನು ಬೈಯಬೇಕೆಂದು ಯೋಚಿಸಿದೆ. ಹೆಂಡ ಹಾಕು ಎಂದವಳನ್ನು ಬೈದೆ. ಏಕೆ ಹಾಕಬೇಕು ಎಂದು ಹೇಳದೆ ಇದ್ದದ್ದಕ್ಕೆ ಬೈದೆ. ಬೈದು ಸುಸ್ತಾದ ಮೇಲೆ ಉಳಿದದ್ದು ದೋಸೆ ಹಿಟ್ಟೊಂದೇ. ಹುಳಿ ಸುರಿದು ಹುಳಿ ಮಾಡಿದವಳು ನಾನೇ.

ಬೆಳಿಗ್ಗೆ ಪೂಜೆಗೆ ಅರಿಸಿನ ಕಲಸುವಾಗ ಕೈ ಹಾಗೇ ನಿಂತಿತು. ಆರತಿಯ ಓಕುಳಿಗೆ ಏನು ಮಾಡುತ್ತೇವೆ? ಅರಿಸಿನದ ನೀರಿಗೆ ಚೂರು ಸುಣ್ಣ. ಸುಣ್ಣ ಬಿದ್ದ ಕ್ಷಣ ರಕ್ತಗೆಂಪು. ಸುಣ್ಣ ಸಾಲದಿದ್ದರೆ ಹಳದಿ ಹಳದಿಯಾಗಿಯೇ ಉಳಿಯುತ್ತದೆ, ನಿಂಬೆಹುಳಿ ಹಿಂಡಿದರೆ ಕೆಂಪು ಹೊರಟೇ ಹೋಗುತ್ತದೆ. ಇದನ್ನು ತಿಳಿಯಲು ಯಾವ ಪಟ್ಟಿ ಬೇಕು? ಬಿಳಿ ಕಾಗದಕ್ಕೆ ಅರಿಸಿನ ಬಳಿದು ಒಣಗಿಸಿ ಕೆಳಗೆ ಓಡಿದೆ. ಒಂದು ತೊಟ್ಟು ಬಿಟ್ಟೆ. ನಡುವೆ ಕೊಳೆ ನೀಲಿ ನಿಂತಿತು, ಸುತ್ತ ನೀರು ಹಬ್ಬಿದ ಅಂಚು ಕೆಂಪಾಗಬೇಕಿತ್ತು. ಹಳದಿಯಾಗಿಯೇ ಇತ್ತು.

ಸುಣ್ಣ ಬೇಕು. ಅಂಗಡಿಗೆ ನಾನೇ ಹೋಗುತ್ತೇನೆಂದರೆ ಆಗುವುದಿಲ್ಲ. ಮನೆಗೊಬ್ಬರೇ, ಅದೂ ಮನೆಯ ಯಜಮಾನ ಮಾತ್ರ ಹೊರಗೆ ಹೋಗಬೇಕಂತೆ. ಬೇಳೆ ಯಾವುದು, ಕಡಲೆ ಯಾವುದು ಎಂದು ತಿಳಿಯದ ನಮ್ಮ ಯಜಮಾನರಿಗೆ ಪರವಾನಗಿ, ನನಗಿಲ್ಲ! ಯಾವ ಪುಣ್ಯಾತ್ಮ ಬರೆದನೋ ಈ ನಿಯಮ. ಇವರನ್ನು ಕಳಿಸಿದೆ. ಎರಡು ಗಂಟೆ ಸಾಲಿನಲ್ಲಿ ನಿಂತು ಹಿಂದಿರುಗಿದರು. ಕೈಯಲ್ಲಿ ಗೋಡೆಗೆ ಬಳಿಯುವ ಬಿಳಿ ಪೇಂಟಿನ ಡಬ್ಬಿ.

"ಸುಣ್ಣ ಅಂದ್ಯಲ್ಲೇ!"

"ರೀ, ನಾನು ಗೋಡೆಗೆ ಬಳೀತೀನಿ ಅಂದ್ನಾ?"

"ಅಂಗಡಿಯವನು ಇದೇ ಈಗ ಎಲ್ರೂ ತಗೊಂಡ್ ಹೋಗ್ತಾರೆ ಅಂದ."

ಕೊನೆಗೆ ಹಿತ್ತಲ ಗೋಡೆಯ ಮೇಲಿಂದ ಪಾಪಾತ್ತಿಯನ್ನು ಕೂಗಿದೆ. ದಿನಕ್ಕೆ ಹತ್ತು ಸಲ ಎಲೆಅಡಿಕೆ ಹಾಕುವ ಬಾಯಿ ಆಕೆಯದು. "ಸುಣ್ಣಾಂಬಾ? ನೀಯುಮಾ ವೆತ್ತಲೆ ಪೋಡ ಆರಂಭಿಚ್ಚಿಟ್ಟೆ?" ಎಂದಳು. ನೀನೂ ಎಲೆ ಹಾಕಲು ಶುರು ಮಾಡಿದೆಯಾ ಎಂದು. ಅಲ್ಲ ಅಜ್ಜಿ, ಕೆಳಗೊಂದು ಜೀವ ಹೋಗುತ್ತಿದೆ ಎಂದೆ. ನಕ್ಕಳು. ಆದರೂ ಸುಣ್ಣದ ನಾಲ್ಕು ಡಬ್ಬಿಗಳನ್ನು ಚೀಲಕ್ಕೆ ಹಾಕಿ ಕೋಲಿನ ತುದಿಯಲ್ಲಿ ಗೋಡೆ ದಾಟಿಸಿದಳು. ತನಗೆಂದು ಒಂದೇ ಇಟ್ಟುಕೊಂಡಳು. ಆ ಬಾಯಿಗೆ ಒಂದು ಡಬ್ಬಿ ಎಷ್ಟು ದಿನ ಬಂದೀತು!

ಏಪ್ರಿಲ್ 23, ಗುರುವಾರ

ಒಂದು ಚಮಚ ಸುಣ್ಣ ಕದಡಿ ಹಾಕಿ, ಕಲಕಿ, ಕಾದು, ಅರಿಸಿನದ ಕಾಗದಕ್ಕೆ ತೊಟ್ಟು ಬಿಟ್ಟು ನೋಡುವುದು. ಮತ್ತೆ ಒಂದು ಚಮಚ. ಐದನೆಯದಕ್ಕೆ ಅಂಚು ಕಿತ್ತಳೆಯಾಯಿತು. ಏಳನೆಯದಕ್ಕೆ ಕೆಂಪು. ಕುಣಿಯಬೇಕೆನಿಸಿತು.

ಬೂಸಾ ಗಂಜಿ ಕಾಯಿಸಿದೆ. ಸಾಕೆಯನ್ನೂ ಹಾಕಿಬಿಡುವುದೆಂದು ನಿರ್ಧಾರ ಮಾಡಿದೆ. ಬಸವಣ್ಣ ನನ್ನನ್ನು ಕ್ಷಮಿಸಲಿ, ಇದು ನಾನು ಕುಡಿಯುವುದಲ್ಲ, ರೋಗಿಗೆ ಕೊಡುವ ಔಷಧ. ಮೂಗಿಗೆ ಸೆರಗು ಸುತ್ತಿ ಕಪಾಟು ತೆರೆದು ಬಾಟಲಿ ಎತ್ತಿದರೆ ಹೂವಿನಷ್ಟು ಹಗುರ! ತಳದಲ್ಲಿ ಎರಡು ಬೆರಳಿನಷ್ಟು ಮಾತ್ರ.

ನಾನು ಒಂದು ತೊಟ್ಟೂ ಹಾಕಿಲ್ಲ. ಹಾಗಾದರೆ?

ಮೇಲೆ ಹೋಗಿ ಬಾಟಲಿಯನ್ನು ಟೀವಿಯ ಮುಂದೆ ಇಟ್ಟೆ. ಕೇಳುವ ಮೊದಲೇ ಇವರು ಮೀಸೆ ಒರೆಸಿಕೊಂಡರು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿಕೊಂಡರಂತೆ.

"ಔಷಧಿ ಅಂತ... ಒಂದೊಂದ್ ಮುಚ್ಚಳ... ಗಂಟಲು ಕೆರೀತಾ ಇತ್ತು ಕಣೇ, ಕೊರೊನಾ ಏನಾದ್ರೂ..."

"ಕೊರಳಲ್ಲಿ ಲಿಂಗ ಕಟ್ಕೊಂಡು? ಯುಗಾದಿ ದಿನಾನೂ?"

"ಯುಗಾದಿ ದಿನ ಕುಡೀಲಿಲ್ಲ. ಆಣೆಗೂ."

ನನಗೆ ಬಂದ ಸಿಟ್ಟಿಗೆ ಈ ಮನುಷ್ಯ ಕುಡಿದದ್ದೂ ಕಾಣಲಿಲ್ಲ. "ಅದರ ಪಾಲಿಂದು ತಿಂದ್ಬಿಟ್ರಲ್ರೀ, ಮೂಕಪ್ರಾಣಿ ಪಾಲಿಂದು!" ಎಂದು ಕಿರುಚಿಬಿಟ್ಟೆ. ಇವರು ಬೆಪ್ಪಾಗಿ ನನ್ನನ್ನೇ ನೋಡಿದರು. ಉಳಿದ ಎರಡು ಬೆರಳನ್ನು ತೊಟ್ಟೂ ಬಿಡದೆ ಗಂಜಿಗೆ ಬಗ್ಗಿಸಿ ಹಾಕಿದೆ.

ಏಪ್ರಿಲ್ 25

ಇಲ್ಲ.

ಏಪ್ರಿಲ್ 26

ಇಲ್ಲ. ಇವರ ಜೊತೆ ಮಾತಿಲ್ಲ.

ಏಪ್ರಿಲ್ 28

ಇಲ್ಲ. ಅಂಚು ಕೆಂಪಾಗಿಯೇ ಇದೆ. ಬೆರಳು ಸ್ವಲ್ಪ ಜಾರುತ್ತದೆ. ಕೋಲು ತರಲು ಹೋದರೆ ಇವರು ಆಗಲೇ ತೊಳೆದು ಗೋಡೆಗೆ ಒರಗಿಸಿದ್ದರು. ತೆಗೆದುಕೊಂಡು ಕಲಕಿದೆ.

ಮೇ 2, ಶನಿವಾರ

ಬಂತು! ಎಂಟಾಣೆ ನಾಣ್ಯದಷ್ಟು. ನಡುವಿನಲ್ಲಿ ನೇರಳೆ, ಅಂಚಿನಲ್ಲಿ ತಾಮ್ರದ ಹೊಳಪು. ಮೂಗು ಕೊಟ್ಟು ನೋಡಿದೆ, ಗಂಜಲ, ಬೂದಿ, ಕೊಳೆತ ಎಲೆ. ಎಂಥ ಒಳ್ಳೆಯ ವಾಸನೆ! ನೋಡುತ್ತಾ ಅಲ್ಲೇ ಮೆಟ್ಟಿಲ ಮೇಲೆ ಕೂತು ಅತ್ತೆ. ಯಾಕೆ ಅತ್ತೆನೋ.

ಆಮೇಲೆ ಫೋನು ಹಚ್ಚಿ ಫುಮಿಯೆ-ಸಾನ್‌ಗೆ ಎಲ್ಲ ಒಪ್ಪಿಸಿಬಿಟ್ಟೆ. ದೋಸೆ ಹಿಟ್ಟು, ಸಾಕೆ, ಹಳೆಯ ಫೋಟೋ, ಎಲ್ಲ. ಬಾಟಲಿ ಖಾಲಿಯಾದದ್ದು ಹೇಗೆಂದು ಮಾತ್ರ ಹೇಳಲಿಲ್ಲ, ಮನೆಯ ಮಾನ.



"ಫೋಟೋ ಗೊತ್ತಿತ್ತು" ಎಂದಳು. "ಎರಡರಲ್ಲೂ ಅದೇ ನೊಣ ಅದೇ ಜಾಗದಲ್ಲಿತ್ತು."

"ಮತ್ತೆ ಯಾಕೆ ಕೇಳಲಿಲ್ಲ?"

"ನಿಮ್ಮ ಕೈ ಗುಡಾಣದ ಒಳಗೆ ಇದೆ. ನನ್ನ ಕೈ ಇಲ್ಲಿದೆ."

ಇದೇ ಸಮಯವೆಂದು ನಾಲ್ಕು ವರ್ಷದಿಂದ ಗಂಟಲಲ್ಲಿ ಇದ್ದದ್ದನ್ನು ಉಗುಳಿದೆ. ಬಂದವರೆಲ್ಲ ಅದ್ದಬಹುದಿತ್ತು, ನಾನು ಮಾತ್ರ ಏಕೆ ಮುಟ್ಟಬಾರದಿತ್ತು? ಆಕೆ ಹೇಳಿದ್ದನ್ನು ಹಾಗೇ ಬರೆಯುತ್ತೇನೆ: "ಅವರು ಬಂದು ಹೋಗುವವರು. ಬರಿಗೈ ಹಾಕಿದವರು ಬಿಟ್ಟು ಹೋಗಬಾರದು. ನನ್ನ ಸೆನ್ಸೇ, ನನ್ನ ಗುರು, ನನಗೆ ಐದು ವರ್ಷ ಬಿಡಲಿಲ್ಲ. ನಿಮಗೆ ನಾಲ್ಕೇ ಆಗಿತ್ತು."

ಇದನ್ನು ಮೊದಲೇ ಹೇಳಿದ್ದರೆ ಏನಾಗುತ್ತಿತ್ತು? ಒಂದು ವಾಕ್ಯ! ಒಂದೇ ಒಂದು ವಾಕ್ಯಕ್ಕಾಗಿ ನಾಲ್ಕು ವರ್ಷ ನನ್ನ ಹೊಟ್ಟೆ ಉರಿಸಿದಳಲ್ಲ. ಬೈಯಲೂ ಇಲ್ಲ ಪುಣ್ಯಾತ್ಗಿತ್ತಿ. ದೋಸೆ ಹಿಟ್ಟಿಗೆ ನಾಲ್ಕು ಬೈದಿದ್ದರೆ ನನಗೂ ಹಗುರಾಗುತ್ತಿತ್ತು. "ಅರಿಸಿನದ ಕಾಗದದ ಫೋಟೋ ಕಳಿಸಿ" ಎಂದು ಫೋನಿಟ್ಟಳು.

ಡಿಸೆಂಬರ್ 14, ಸೋಮವಾರ

ಡೈರಿ ತೆಗೆಯಲು ಪುರುಸೊತ್ತಿಲ್ಲ. ಹಳೆಯ ಬಣ್ಣ ತೆಳ್ಳಗಾಗಿತ್ತು. ಉಗ್ರಾಣದಲ್ಲಿ ನೀಲಿ ಎಲೆಯ ಮೂಟೆ ಒಂದೇ ಉಳಿದಿತ್ತು, ಇನ್ನು ಬರುವುದಿಲ್ಲ. ಅದನ್ನೇ ಒಡೆದು ಹೊಸದು ಕಟ್ಟಿದೆವು. ಹಳೆಯದರಿಂದ ಎರಡು ಬಕೆಟ್ಟು ಎತ್ತಿಟ್ಟು ಹೊಸದಕ್ಕೆ ಹೆಪ್ಪು ಹಾಕಿದೆ. ಬೇಕರಿಯ ಕಟ್ಟಿಗೆ ಒಲೆಯ ಬೂದಿಯನ್ನು ಇವರು ಸೈಕಲ್ಲಿನಲ್ಲಿ ಹೊತ್ತು ತಂದರು. ಜರಡಿ ಹಿಡಿಯುವುದು ಗೊತ್ತಿಲ್ಲ, ಮೈಯೆಲ್ಲ ವಿಭೂತಿ. ಹನ್ನೊಂದನೇ ದಿನ ಹೂವು ಬಂತು.

ಸಾಕೆ ಎಲ್ಲಿಂದ ಬಂತು ಎಂದರೆ ಗಾನವಿ ಆನ್‌ಲೈನಿನಲ್ಲಿ ತರಿಸಿ ಕಳಿಸಿದಳು. "ಅಮ್ಮಾ, ಯೂ ಆರ್ಡರಿಂಗ್ ಆಲ್ಕೊಹಾಲ್ ಆ?" ಎಂದು ಅರ್ಧ ಗಂಟೆ ನಕ್ಕಳು. ಬಾಟಲಿ ನನ್ನ ಸೀರೆಯ ಬೀರುವಿನಲ್ಲಿದೆ, ಬೀಗದ ಕೈ ನನ್ನ ಸೊಂಟದಲ್ಲಿದೆ.

2021 ಜೂನ್ 3, ಗುರುವಾರ

ಮೊನ್ನೆಯಿಂದ ಮತ್ತೆ ಊರೆಲ್ಲ ಬಂದ್. ಅದು ಹಾಳಾಗಲಿ. ಇವತ್ತು ಬಂದ ಮೆಸೇಜನ್ನು ಹೇಗೆ ಸಹಿಸಲಿ?

"ತಾಯಿಯನ್ನು ಬಿಟ್ಟು ಬರಲಾಗುವುದಿಲ್ಲ. ಹಡಗು ಬರುವುದಿಲ್ಲ. ಅಂಗಡಿ ಮುಚ್ಚುತ್ತೇನೆ. ಬಣ್ಣವನ್ನು ಚೆಲ್ಲಿ ಗುಡಾಣ ತೊಳೆದುಬಿಡಿ. ತುಂಬಾ ಕಷ್ಟಪಟ್ಟಿರಿ. ಧನ್ಯವಾದ."

ಚೆಲ್ಲಿ! ಅನ್ನ ಬಸಿದ ನೀರು ಚೆಲ್ಲಿ ಎಂಬ ಹಾಗೆ! ಹದಿನೈದು ತಿಂಗಳು ಒಂದು ದಿನ ತಪ್ಪಿಸದೆ ಕಲಕಿದ್ದೇನೆ. ಜ್ವರ ಬಂದ ದಿನ ಇವರ ತೋಳು ಹಿಡಿದುಕೊಂಡು ಮೆಟ್ಟಿಲಿಳಿದು ಕಲಕಿದ್ದೇನೆ. ಎರಡನೇ ಲಸಿಕೆ ಹಾಕಿಸಿಕೊಂಡು ಬಲಗೈ ಎತ್ತಲಾಗದಿದ್ದಾಗ ಎಡಗೈಯಲ್ಲಿ ಕಲಕಿದ್ದೇನೆ. ಯಾರನ್ನು ಕೇಳಿ ಚೆಲ್ಲುವುದು? ಬಾವಿಗಿಳಿಸಿ ಹಗ್ಗ ಕೊಯ್ಯುವ ಬುದ್ಧಿ ಇದು.

ಗಾನವಿಗೆ ಫೋನು ಮಾಡಿದೆ. "ಗುಡ್ ವಾಟ್, ಅಮ್ಮಾ. ಯೂ ಕ್ಯಾನ್ ರೆಸ್ಟ್ ಆಲ್ರೆಡಿ" ಎಂದಳು. ಒಳ್ಳೆಯದೇ ಆಯಿತಂತೆ! ಇಟ್ಟುಬಿಟ್ಟೆ. ಇವರು ಮಾತ್ರ ಕೆಳಗಿಳಿದು ಹೋಗಿ ಗುಡಾಣದ ಮುಚ್ಚಳದ ಮೇಲೆ ಕೈಯಿಟ್ಟು ನಿಂತಿದ್ದರು. ಮೇಲಿಂದ ನೋಡಿದೆ.

ಉತ್ತರ ಬರೆದೆ. ಇಂಗ್ಲಿಷಿನಲ್ಲಿ ತಪ್ಪಿದ್ದರೆ ಇರಲಿ. "ಚೆಲ್ಲುವುದಿಲ್ಲ. ಬರಿಗೈ ಹಾಕಿದವರು ಬಿಟ್ಟು ಹೋಗಬಾರದು ಎಂದವರು ನೀವು. ನೀವು ಹೋದಿರಿ. ನಾನು ಹೋಗಿಲ್ಲ." ಅದರ ಕೆಳಗೆ ನನ್ನ ಎರಡು ಕೈಯ ಫೋಟೋ ಹಾಕಿದೆ. ಮೊಣಕೈ ತನಕ ನೀಲಿ.

ಕಳಿಸಿದ ಮೇಲೆ ಮತ್ತೆ ಓದಿದೆ. ಹೆಚ್ಚಾಯಿತೇ? ಹಾಸಿಗೆ ಹಿಡಿದ ತಾಯಿಯ ಪಕ್ಕ ಕೂತವಳಿಗೆ ಹೀಗೆ ಬರೆಯಬಾರದಿತ್ತೇನೋ. ಆದರೆ ಚೆಲ್ಲಿ ಎಂದು ಆಕೆಯೂ ಬರೆಯಬಾರದಿತ್ತು.

ಜೂನ್ 8

ಉತ್ತರವಿಲ್ಲ. ಕಲಕಿದೆ.

ಜೂನ್ 12, ಶನಿವಾರ

ಒಂಬತ್ತು ದಿನದ ಮೇಲೆ ಮೆಸೇಜು. ಒಂದೇ ಸಾಲು.

"ಇಂದಿನ ಹೂವು ಎಷ್ಟು ದೊಡ್ಡದು?"

ಫೋಟೋ ಕಳಿಸಿದೆ. "ಚಿಕ್ಕದು" ಎಂದು ಬಂತು. ಚಿಕ್ಕದಂತೆ! ಕಣ್ಣು ಪರೀಕ್ಷೆ ಮಾಡಿಸಿಕೊಳ್ಳಲಿ.

ಜೂನ್ 27, ಭಾನುವಾರ

ಅಂಗಡಿಯ ಮುಂಭಾಗ ಮಾಲೀಕನಿಗೆ ಹೋಯಿತು. ಹಿತ್ತಲು ನಮ್ಮ ಬಾಡಿಗೆಗೇ ಸೇರಿದ್ದು. ಬಣ್ಣವನ್ನೆಲ್ಲ ಬಕೆಟ್ಟಿಗೆ ಮೊಗೆದು, ಗುಡಾಣವನ್ನು ಗೋಣಿಚೀಲದ ಮೇಲೆ ಎಳೆದು ಹಿತ್ತಲಿಗೆ ತಂದೆವು. ನಂಜುಂಡಪ್ಪನವರ ಸೊಂಟ ಹಿಡಿದುಕೊಂಡಿದೆ. ಗೋಡೆಯಾಚೆಯಿಂದ ಪಾಪಾತ್ತಿ, ಹಾಗಲ್ಲ ಹೀಗೆ, ಹೀಗಲ್ಲ ಹಾಗೆ ಎಂದು ಬೆಳಗಿನಿಂದ ಅಪ್ಪಣೆ ಕೊಡಿಸುತ್ತಿದ್ದಳು. ಬಗ್ಗಿ ಬೆರಳು ಚಾಚಿದಳು. ಎಲೆಅಡಿಕೆಯ ಕೈ! ಕೂಗಿ ನಿಲ್ಲಿಸಿದೆ. ಮುಖ ಊದಿಸಿಕೊಂಡು ಒಳಗೆ ಹೋದಳು. ನಾನೇನು ಮಾಡಲಿ, ಎಲ್ಲರೂ ಕೈ ಹಾಕಲು ಇದೇನು ಊರ ಕೆರೆಯೇ?

2022 ಮೇ 14, ಶನಿವಾರ

ಗಡಿ ತೆರೆದು ಒಂದೂವರೆ ತಿಂಗಳಾಯಿತು. ಗಾನವಿ ತಾನಾಗಿಯೇ, ನಮ್ಮ ಹಿತ್ತಲಿಗೆ ಬಣ್ಣ ಅದ್ದಲು ಬನ್ನಿ ಎಂದು ಕಂಪ್ಯೂಟರಿನಲ್ಲಿ ಒಂದು ಪುಟ ಮಾಡಿ ನನ್ನ ಕೈಯ ಫೋಟೋ ಹಾಕಿದ್ದಾಳೆ. ಮುಖದ್ದು ಹಾಕಬಾರದಿತ್ತೇ ಎಂದರೆ "ಹ್ಯಾಂಡ್ಸ್ ಆರ್ ದ ಬೆಸ್ಟ್, ಅಮ್ಮಾ" ಎನ್ನುತ್ತಾಳೆ. ಬಟ್ಟೆಗೆ ದಾರ ಸುತ್ತುವುದನ್ನು ಮೂರು ಭಾನುವಾರ ಬಂದು ಕಲಿತಳು. ಮಾತು ಮಾತ್ರ ಇನ್ನೂ ಇಂಗ್ಲಿಷೇ.

ಮುಂದಿನ ಶನಿವಾರಕ್ಕೆ ಮೊದಲ ತಂಡ. ನಾಲ್ಕು ಜನ, ಎಲ್ಲರೂ ಟೊಕುಶಿಮಾದಿಂದ. ಮೂರು ಹೆಸರು ನನಗೆ ಗೊತ್ತಿಲ್ಲ. ನಾಲ್ಕನೆಯದು ಫುಮಿಯೆ.

ತಾಯಿ ಹೋಗಿ ವರ್ಷ ತುಂಬುತ್ತಾ ಬಂತಂತೆ. ಅದನ್ನೂ ಈಗ ಹೇಳುತ್ತಾಳೆ! ಕಳೆದ ವರ್ಷ ಜೂನ್‌ನಲ್ಲಿ ಆ ಒಂಬತ್ತು ದಿನ ಮೆಸೇಜು ಬರದೆ ಇದ್ದದ್ದು ಅದಕ್ಕೆ. ಶವದ ಪಕ್ಕ ಕೂತು ನನ್ನ ಬೈಗುಳ ಓದಿದ್ದಾಳೆ. ನನಗೆ ಮೈಯೆಲ್ಲ ಹಿಡಿಯಾಯಿತು. ಒಂದು ವಾಕ್ಯ ಹೇಳಲು ಈ ಹೆಂಗಸಿಗೆ ಏನು ರೋಗ?

ಮೇ 21, ಶನಿವಾರ

ಬಂದರು. ಫುಮಿಯೆ-ಸಾನ್ ಸಣ್ಣಗಾಗಿದ್ದಾರೆ, ತಲೆ ಪೂರ್ತಿ ಬೆಳ್ಳಗಾಗಿದೆ. ನಾನು ತಾಯಿಯ ವಿಷಯ ಮಾತಾಡಬೇಕೆಂದು ಬಾಯಿ ತೆರೆದೆ. ಆಕೆ ನನ್ನ ಎರಡೂ ಕೈ ಹಿಡಿದು, ತಿರುಗಿಸಿ, ಉಗುರು ನೋಡಿ, ಬಿಟ್ಟರು.  ನಮ್ಮ ಯಜಮಾನರು ನಾಲ್ವರಿಗೂ ಏಪ್ರನ್ ಕಟ್ಟಿದರು, ಚಹಾ ಕೊಟ್ಟರು. ಚಹಾಕ್ಕೆ ಸಕ್ಕರೆ ಹಾಕಬೇಡಿ ಎಂದು ಎಷ್ಟು ಹೇಳಿದರೂ ಕೇಳುವುದಿಲ್ಲ. ಗೋಡೆಯ ಮೇಲೆ ಪಾಪಾತ್ತಿಯ ತಲೆ.

ದಾರ ಸುತ್ತಿಸಿದೆ. ಗಾನವಿ ಮಾತನ್ನು ಇಂಗ್ಲಿಷಿಗೆ ತಿರುಗಿಸಿದಳು. ನಾನು ಮುಚ್ಚಳ ತೆಗೆದೆ. ಬೆಳಿಗ್ಗೆ ಕಲಕಿದ ಹೂವು ಇನ್ನೂ ನಿಂತಿತ್ತು, ತಟ್ಟೆಯಗಲ. ಫುಮಿಯೆ-ಸಾನ್ ಸಾಲು ಬಿಟ್ಟು ಮುಂದೆ ಬಂದರು. ಕೈಗವಸು ತೆಗೆದು, ತೋಳು ಮಡಿಸಿ, ಬರಿಗೈಯನ್ನು ನೇರವಾಗಿ ಒಳಗೆ ಇಳಿಸಲು ಹೋದರು. ಆಗಷ್ಟೇ ಬಾಗಿಲಲ್ಲಿ ಆ ಸ್ಯಾನಿಟೈಸರ್ ಹಚ್ಚಿಕೊಂಡಿದ್ದನ್ನು ನನ್ನ ಕಣ್ಣಾರೆ ನೋಡಿದ್ದೇನೆ. ಅದರ ಮೇಲೆ ಏನೋ ಕ್ರೀಮಿನ ವಾಸನೆ ಬೇರೆ.

"ಫುಮಿಯೆ-ಸಾನ್! ಗುಡಾಣಕ್ಕೆ ಕೈ ಹಾಕಬೇಡಿ!"

ಕನ್ನಡದಲ್ಲೇ ಬಂದುಬಿಟ್ಟಿತು, ಅದೂ ಜೋರಾಗಿ, ಆಕೆಯ ಗೆಳತಿಯರೆಲ್ಲರ ಎದುರಿಗೆ. ಗಾನವಿ ತಲೆ ಚಚ್ಚಿಕೊಂಡಳು. "ಅಮ್ಮಾ! ಅದು ಅವರದೇ ಗುಡಾಣ ಅಲ್ವಾ!" ಎಂದಳು, ಅವಳೂ ಕನ್ನಡದಲ್ಲೇ.

ಆಕೆಗೆ ಭಾಷೆ ಬರದಿದ್ದರೂ ಅರ್ಥವಾಗಿರಬೇಕು. ಕೈ ಹಿಂದಕ್ಕೆ ತೆಗೆದುಕೊಂಡರು. ಎರಡು ಹೆಜ್ಜೆ ಹಿಂದೆ ಸರಿದು, ಸೊಂಟ ಬಗ್ಗಿಸಿ, ತಲೆ ತುಂಬಾ ಕೆಳಗೆ ತಂದು "ಹೈ, ಸೆನ್ಸೇ" ಎಂದರು, ಆಗಲಿ ಗುರುಗಳೇ ಎಂದು. ಹೋಗಿ ಕೈ ತೊಳೆದು, ಕೈಗವಸು ಹಾಕಿಕೊಂಡು, ಸಾಲಿನ ಕೊನೆಯಲ್ಲಿ ನಿಂತರು. ಕಣ್ಣು ತುಂಬಿತ್ತು. ಪಾಪ, ತನ್ನ ಗುರುವಿನ ನೆನಪಾಯಿತೇನೋ.

ಆದರೂ ಇಷ್ಟು ವರ್ಷ ಈ ಕೆಲಸ ಮಾಡಿದವರಿಗೆ ಇಷ್ಟು ಗೊತ್ತಾಗಬೇಡವೇ? ನಾಳೆ ಬೆಳಿಗ್ಗೆ ಮತ್ತೆ ಬರುತ್ತಾರಂತೆ. ಬರಲಿ, ಕ್ರೀಮು ಹಚ್ಚದೆ ಬರಲಿ. ಎರಡು ಬೆರಳು ಅದ್ದಿ ನೋಡಲು ಬಿಡುತ್ತೇನೆ, ಅಷ್ಟೇ. ಕಲಕುವುದು ನಾನೇ.